ಎರಡನೇ ಸುತ್ತಿಲ್ಲದ ಊರು

ನನ್ನ ಗಂಡನಿಗೆ ಫ್ರಾನ್ಸಿನ ಅಧ್ಯಕ್ಷರ ಹುಚ್ಚು ಹಿಡಿದದ್ದು ಟೂಲೂಸ್‌ನಲ್ಲಿ. ನಾವಿರುವ ಇಂಗ್ಲೆಂಡಿನ ಡರ್ಬಿಯ ವಿಮಾನ ಎಂಜಿನ್ ಕಾರ್ಖಾನೆಯವರು ಇವರನ್ನು ಆಗಾಗ ಅಲ್ಲಿಗೆ ಕಳಿಸುತ್ತಿದ್ದರು. ಹಾಗೆ ಹೋದಾಗಲೊಮ್ಮೆ ಹೋಟೆಲಿನ ಟೀವಿಯಲ್ಲಿ, ಇನ್ನೂ ನಲವತ್ತು ತುಂಬದ ಒಬ್ಬ ಮನುಷ್ಯ ಚುನಾವಣೆ ಗೆದ್ದು, ದೊಡ್ಡ ಅಂಗಳವೊಂದನ್ನು ಒಬ್ಬನೇ ನಡೆದು ದಾಟುವುದನ್ನು ನೋಡಿದರಂತೆ. ಹಿಂದೆ ಮುಂದೆ ಯಾರೂ ಇಲ್ಲ, ಸಂಗೀತ ಮಾತ್ರ. ನಾನು ಹೇಳಿಕಳಿಸಿದ್ದ ಸೆಂಟು ತರಲಿಲ್ಲ, ಚೀಸ್ ತರಲಿಲ್ಲ, ಆ ನಡಿಗೆಯನ್ನು ತಂದರು. ಸೂಟ್‌ಕೇಸ್ ಬಾಗಿಲಲ್ಲೇ ಬಿಟ್ಟು ನಮ್ಮ ಹಾಲಿನ ಈ ಗೋಡೆಯಿಂದ ಆ ಗೋಡೆಯವರೆಗೆ ನಡೆದು ತೋರಿಸಿದರು. ನಾನು ಕೈಯಲ್ಲಿ ಸೌಟು ಹಿಡಿದುಕೊಂಡು ನೋಡಿ ಹೊಟ್ಟೆ ಹುಣ್ಣಾಗುವಷ್ಟು ನಕ್ಕೆ.

ಆಮೇಲೆ ನಮ್ಮ ಮನೆಯಲ್ಲಿ ಊಟಕ್ಕೆ ಕೂತರೂ ಆ ಮನುಷ್ಯನ ಕತೆಯೇ. ಸರಕಾರಿ ಕೆಲಸದಲ್ಲಿದ್ದವನು ಬ್ಯಾಂಕಿಗೆ ಹೋದ, ಬ್ಯಾಂಕಿನಿಂದ ಹಿಂದಿನ ಅಧ್ಯಕ್ಷರ ಸಲಹೆಗಾರನಾದ, ಮಂತ್ರಿಯಾದ, ಕೈಹಿಡಿದು ಮೇಲೆತ್ತಿದ ಅದೇ ಅಧ್ಯಕ್ಷರನ್ನು ಬಿಟ್ಟು ಸ್ವಂತ ಪಕ್ಷ ಕಟ್ಟಿದ, ಸುಮಾರು ಒಂದು ವರ್ಷದಲ್ಲಿ ಅವರ ಕುರ್ಚಿಯಲ್ಲೇ ಕೂತ. "ಎಡಾನೂ ಅಲ್ಲ, ಬಲಾನೂ ಅಲ್ಲ ಕಣೇ. ಎರಡೂ ಹಳೇ ಪಾರ್ಟಿಗಳನ್ನ ಗುಡಿಸಿ ಆಚೆ ಹಾಕಿಬಿಟ್ಟ" ಎಂದು ಇವರು ತಟ್ಟೆಯಂಚಿಗೆ ಕರಿಬೇವು ಸರಿಸುತ್ತಾ ಹೇಳುತ್ತಿದ್ದರು. ನಾನು ಜಿಪಿ, ಅಂದರೆ ಇಲ್ಲಿ ಜನ ಮೊದಲು ಬಂದು ತೋರಿಸಿಕೊಳ್ಳುವ ಬಡಾವಣೆಯ ಡಾಕ್ಟರು. ಜೋರು ಆಂಟಿಬಯೋಟಿಕ್ ಕೊಟ್ಟು ಹೊಟ್ಟೆಯಲ್ಲಿರುವ ಕ್ರಿಮಿಗಳನ್ನೆಲ್ಲ ಗುಡಿಸಿಬಿಟ್ಟರೆ ಕೊನೆಗೆ ಯಾವ ಕೆಟ್ಟದ್ದು ಉಳಿದುಕೊಂಡು ಬೆಳೆಯುತ್ತದೆ ಎಂದು ದಿನಾ ನೋಡುವವಳು. ಹಾಗಂತ ಹೇಳಿದರೆ, ಊಟದ ಹೊತ್ತಿನಲ್ಲಿ ಇಂಥ ಮಾತು ಬೇಡ ಎನ್ನುತ್ತಿದ್ದರು.

ನನ್ನ ಮಾತು ಸುಳ್ಳಾಗಲಿಲ್ಲ. ಪೆಟ್ರೋಲು ಡೀಸೆಲ್ ಬೆಲೆಗೆ ಸಿಟ್ಟಾಗಿ ಜನ ಹಳದಿ ಜಾಕೀಟು ಹಾಕಿಕೊಂಡು ರೌಂಡ್‌ಅಬೌಟ್‌ಗಳಲ್ಲಿ ಕೂತರು. ಪಿಂಚಣಿಯ ವಯಸ್ಸು ಏರಿಸಲು ಹೊರಟಾಗ ಊರೂರೇ ಬೀದಿಗೆ ಬಂತು. ಆದರೂ ಎರಡು ಸಲ ಆತ ಗೆದ್ದ. ಯಾಕೆ? ಅಲ್ಲಿ ವೋಟು ಎರಡು ಸುತ್ತು. ಎರಡು ಸಲವೂ ಕೊನೆಯ ಸುತ್ತಿನಲ್ಲಿ ಎದುರಿಗೆ ನಿಂತಿದ್ದವಳು ಅದೇ ಒಬ್ಬಳು ಹೆಂಗಸು, ಹೊರಗಿನವರು ಹೊರಗೇ ಇರಲಿ ಎನ್ನುವ ಪಕ್ಷದವಳು. ಅವಳು ಬರಬಾರದೆಂದು ಜನ ಮುಖ ಕಿವುಚಿಕೊಂಡು ಇವನಿಗೆ ಹಾಕಿದರು. ಹಳೆಯ ಪಕ್ಷಗಳೆರಡೂ ಮಣ್ಣುಪಾಲಾಗಿ ಅವನ ಎದುರಿಗೆ ನಿಲ್ಲುವುದಕ್ಕೆ ಉಳಿದದ್ದು ಅವಳೊಬ್ಬಳೇ ಎನ್ನುವುದು ನನ್ನ ಗಂಡನಿಗೆ ಸಾಧನೆಯಾಗಿ ಕಾಣುತ್ತಿತ್ತು. ನನಗೆ ಕೇಳುವಾಗಲೇ ಭಯವಾಗುತ್ತಿತ್ತು.

ಒಂದು ಜೂನ್ ಭಾನುವಾರ, ಇನ್ನೂ ಬೆಳಕಿತ್ತು, ಇವರು ತೋಟದಲ್ಲಿ ಟೊಮೆಟೊ ಗಿಡಕ್ಕೆ ನೀರು ಹಾಕುತ್ತಿದ್ದರು. ಫೋನ್ ನೋಡಿ ಪೈಪನ್ನು ಅಲ್ಲೇ ಬಿಟ್ಟು ಒಳಗೆ ಓಡಿಬಂದರು. ಯುರೋಪಿನ ಸಂಸತ್ತಿನ ಚುನಾವಣೆಯಲ್ಲಿ ಅವಳ ಪಕ್ಷ ಮುಂದೆ ಬಂದಿದ್ದಕ್ಕೆ ಅಧ್ಯಕ್ಷರು ತಮ್ಮ ಸಂಸತ್ತನ್ನೇ ವಿಸರ್ಜಿಸಿದ್ದರು.

"ಧೈರ್ಯ ಅಂದ್ರೆ ಇದು ನೋಡು."

"ಧೈರ್ಯ ಅಲ್ಲ ರೀ, ತಲೆ ಕೆಟ್ಟಿದೆ. ಕಳ್ಳ ಬಂದ ಅಂತ ಬಾಗಿಲು ತೆಗೆದು ನಿಲ್ತಾರಾ ಯಾರಾದ್ರೂ?"

ಹೊಸ ಸಂಸತ್ತಿನ ಚುನಾವಣೆಯ ಮೊದಲ ಸುತ್ತಿನಲ್ಲೂ ಆ ಪಕ್ಷವೇ ಮುಂದೆ ಬಂತು. ಅದನ್ನು ತಡೆದದ್ದು ಅಧ್ಯಕ್ಷರಲ್ಲ. ಎರಡನೇ ಸುತ್ತಿಗೆ ಮುಂಚೆ ಊರೂರಲ್ಲಿ ಮೂರನೇ ಸ್ಥಾನಕ್ಕೆ ಬಂದವರು ತಾವಾಗಿ ಹಿಂದೆ ಸರಿದು, ನಮ್ಮ ವೋಟನ್ನು ಅವರಿಗೆ ಹಾಕಿ ಎಂದು ಆ ಪಕ್ಷದ ಎದುರಾಳಿಯ ಕಡೆ ಕೈತೋರಿದರು. ನನಗೆ ಆ ಇಡೀ ಕತೆಯಲ್ಲಿ ಗೌರವ ಬಂದದ್ದು ಆ ಹಿಂದೆ ಸರಿದವರ ಮೇಲೆ ಮಾತ್ರ. ಅವರ ಬಗ್ಗೆ ನಮ್ಮ ಮನೆಯಲ್ಲಿ ಮಾತೇ ಬರಲಿಲ್ಲ.

ಅದೇ ಆಗಸ್ಟಿನಲ್ಲಿ ನಮ್ಮ ಕಡೆಯೂ ಗಲಾಟೆ ಶುರುವಾಯಿತು. ಉತ್ತರದ ಊರುಗಳಲ್ಲಿ ಹೊರದೇಶದವರನ್ನು ಓಡಿಸಿ ಎಂದು ಗುಂಪುಗಳು ಬೀದಿಗಿಳಿದಿದ್ದವು. ಒಂದು ಬುಧವಾರ ನಮ್ಮ ಕ್ಲಿನಿಕ್ಕನ್ನು ಮಧ್ಯಾಹ್ನವೇ ಮುಚ್ಚಿ ಎಲ್ಲರೂ ಮನೆಗೆ ಹೋಗಿ ಎಂದರು. ಹೊರಗೆ ಬಂದರೆ ಬಾಗಿಲ ಪಕ್ಕ ನಮ್ಮ ವಾರ್ಡಿನ ಕೌನ್ಸಿಲರ್ ನಿಂತಿದ್ದಳು. ಬಸ್ ಓಡಿಸಿ ನಿವೃತ್ತಳಾದ ಹೆಂಗಸು, ಮೊಣಕಾಲು ನೋವು, ಬಾಯಿ ಜೋರು. ಕಾರಿನವರೆಗೆ ನನ್ನ ಜೊತೆ ನಡೆದಳು. ಆಮೇಲೆ ನರ್ಸುಗಳನ್ನು ಒಬ್ಬೊಬ್ಬರನ್ನಾಗಿ ನಡೆಸಿಕೊಂಡು ಹೋಗಲು ಮತ್ತೆ ವಾಪಸು ಹೋದಳು. ಆ ಸಂಜೆ ನಮ್ಮ ಬೀದಿಯಲ್ಲಿ ಏನೂ ಆಗಲಿಲ್ಲ. ಮಾರನೇ ದಿನ ಆಕೆ ನಮ್ಮ ಕಡೆಯವರ ಮನೆಮನೆಗೂ ಬಂದು ತನ್ನ ಫೋನ್ ನಂಬರ್ ಬರೆದುಕೊಟ್ಟು ಹೋದಳು.

ಇಂಥವಳ ಎದುರಿಗೆ ನಿಲ್ಲುತ್ತೇನೆ ಎಂದು ನನ್ನ ಗಂಡ ಕ್ರಿಸ್ಮಸ್ ರಜೆಯಲ್ಲಿ ಹೇಳಿದರು. ಮೇ ತಿಂಗಳಲ್ಲಿ ಕೌನ್ಸಿಲ್ ಚುನಾವಣೆಯಿತ್ತು. ಪಕ್ಷೇತರ, ಎಡಾನೂ ಅಲ್ಲ, ಬಲಾನೂ ಅಲ್ಲ. ರಸ್ತೆ ಗುಂಡಿ, ಪಾರ್ಕಿಂಗ್, ಕಸದ ಡಬ್ಬಿ. ಚಳವಳಿ ಎಂದರು. ಚಳವಳಿ ಅಂದರೆ ಒಂದು ವಾಟ್ಸ್ಯಾಪ್ ಗುಂಪು. ನಮ್ಮ ಹೊಸ ಬಡಾವಣೆಯ ಕನ್ನಡದವರು, ಕಾರ್ಖಾನೆಯ ಇವರ ಸಹೋದ್ಯೋಗಿಗಳು, ಅವರ ಹೆಂಡಂದಿರು.

"ಆ ಮಹಾತಾಯಿ ಏನು ತಪ್ಪು ಮಾಡಿದಾಳೆ?" ಎಂದೆ.

"ತಪ್ಪು ಮಾಡಿದಾಳೆ ಅಂತ ಅಲ್ಲ ಕಣೇ. ಹಳೇ ಪಾರ್ಟಿ. ಜನಕ್ಕೆ ಸಾಕಾಗಿದೆ."

ಜನಕ್ಕೆ ಸಾಕಾಗಿದ್ದು ನಿಜ. ಅದು ನನಗೆ ಇವರಿಗಿಂತ ಚೆನ್ನಾಗಿ ಗೊತ್ತಿತ್ತು. ಅಪಾಯಿಂಟ್‌ಮೆಂಟಿಗೆ ವಾರಗಟ್ಟಲೆ ಕಾದವರು ಮೊದಲು ನನ್ನ ಮುಂದೆ ರೇಗುತ್ತಿದ್ದರು, ಆ ಚಳಿಗಾಲದಲ್ಲಿ ರೇಗುವುದನ್ನು ನಿಲ್ಲಿಸಿದರು. ಹೊರಗಿನವರು ಜಾಸ್ತಿಯಾದರು ಎಂದು ಶುರುಮಾಡಿದ ಮಾತನ್ನು ಅರ್ಧಕ್ಕೆ ನಿಲ್ಲಿಸಿ, ನನ್ನ ಮುಖ ನೋಡಿ, "ನಿಮಗಲ್ಲ ಡಾಕ್ಟರ್, ನೀವು ಪರವಾಗಿಲ್ಲ" ಎನ್ನುತ್ತಿದ್ದರು. ಕೆಲವರು ಅದನ್ನು ನಿಜವಾದ ಪ್ರೀತಿಯಿಂದಲೇ ಹೇಳುತ್ತಿದ್ದರು. ದಿನಕ್ಕೆ ಮೂರು ಸಲವಾದರೂ ಕೇಳುತ್ತಿದ್ದೆ. ಮಾರ್ಚಿನಲ್ಲಿ ಕಿಟಕಿಗಳಲ್ಲಿ ಹೊಸ ಪಕ್ಷವೊಂದರ ಪೋಸ್ಟರ್ ಕಾಣಿಸಿಕೊಳ್ಳತೊಡಗಿತು, ಗಡಿ ಮುಚ್ಚಬೇಕು ಎನ್ನುವ ಪಕ್ಷ. ಮೊದಲು ಮೂಲೆ ಮನೆಯಲ್ಲಿ ಒಂದು. ಆಮೇಲೆ ನಾನು ಕೆಲಸಕ್ಕೆ ಹೋಗುವ ದಾರಿ ಬದಲಾಯಿಸಿದೆ, ಅಲ್ಲೂ ಇದ್ದವು.

ಅವರ ಅಭ್ಯರ್ಥಿ ಟೈರ್ ಅಂಗಡಿಯವನು. ನನ್ನ ಕಾರಿಗೂ ಒಮ್ಮೆ ಟೈರ್ ಹಾಕಿಕೊಟ್ಟಿದ್ದ. ಒಳ್ಳೆಯ ಮಾತಿನವನು, ಬಾಗಿಲಿಗೆ ಬಂದಾಗ ಬೂಟು ಒರೆಸಿಕೊಂಡು ನಿಂತಿದ್ದ. ಅವನು ಒರಟನಾಗಿದ್ದರೆ ನನಗೆ ಅಷ್ಟು ಭಯವಾಗುತ್ತಿರಲಿಲ್ಲ.

ಇವರ ಕರಪತ್ರ ಅಚ್ಚಾಗಿ ಬಂತು. ಹಾಕಿಸಿದವರು ಯಾರು, ಎಲ್ಲಿಯವರು ಎಂದು ಕೆಳಗೆ ಇರಲೇಬೇಕು, ಇಲ್ಲಿನ ಕಾನೂನು. ನಮ್ಮ ಮನೆ ನಂಬರ್, ಬೀದಿ, ಪೋಸ್ಟ್‌ಕೋಡ್ ವಾರ್ಡಿನ ಪ್ರತಿ ಮನೆಯ ಬಾಗಿಲ ಕಿಂಡಿಯಿಂದ ಒಳಗೆ ಬಿತ್ತು. ಅಂದಿನಿಂದ ಗೇಟಿನ ಸದ್ದಾದರೆ ನಾನು ಮಾಡುತ್ತಿದ್ದ ಕೆಲಸ ಬಿಟ್ಟು ಕಿಟಕಿಗೆ ಹೋಗುತ್ತಿದ್ದೆ.

ಶೆಫೀಲ್ಡ್‌ನಲ್ಲಿ ಓದುವ ಮಗಳಿಗೆ ಫೋನ್ ಮಾಡಿದೆ. ನಾನು ಕನ್ನಡದಲ್ಲಿ ಕೇಳುತ್ತೇನೆ, ಅವಳು ಇಂಗ್ಲಿಷಿನಲ್ಲಿ ಉತ್ತರ ಕೊಡುತ್ತಾಳೆ. "ಅಮ್ಮಾ, ಹೀ ವಿಲ್ ಸ್ಪ್ಲಿಟ್ ದ ವೋಟ್. ದಟ್ಸ್ ಆಲ್ ಹೀ ವಿಲ್ ಡೂ." ಆಮೇಲೆ ಬಿಡಿಸಿ ಹೇಳಿದಳು. ಫ್ರಾನ್ಸಿನಲ್ಲಾದರೆ ಎರಡನೇ ಸುತ್ತಿದೆ, ಮೊದಲ ಸುತ್ತಿನಲ್ಲಿ ಮಾಡಿದ ತಪ್ಪನ್ನು ಜನ ತಿದ್ದಿಕೊಳ್ಳಬಹುದು. ನಮ್ಮ ವಾರ್ಡಿನಲ್ಲಿ ಒಂದೇ ಸುತ್ತು. ಯಾರಿಗೆ ಒಂದು ವೋಟು ಹೆಚ್ಚೋ ಅವರದ್ದೇ ಸೀಟು. ಅಪ್ಪನಿಗೆ ಬೀಳುವುದೆಲ್ಲ ಆ ಕೌನ್ಸಿಲರ್ ಆಂಟಿಗೆ ಬೀಳಬೇಕಾಗಿದ್ದ ವೋಟು.

ಅಂದು ಇವರು ಮನೆಗೆ ಬರುವುದನ್ನೇ ಕಾದು ಕೂತೆ. ಹೆಸರು ವಾಪಸು ತೆಗೆದುಕೊಳ್ಳಿ ಎಂದೆ.

"ಆಗಲ್ಲ ಕಣೇ. ಡೇಟ್ ಮುಗಿದುಹೋಯ್ತು. ಬ್ಯಾಲಟ್ ಪೇಪರ್‌ನಲ್ಲಿ ಹೆಸರು ಇದ್ದೇ ಇರುತ್ತೆ."

"ಹಾಗಾದ್ರೆ ಬಾಯಲ್ಲಾದ್ರೂ ಹೇಳಿ. ನನಗೆ ಬೇಡ, ಅವಳಿಗೇ ಹಾಕಿ ಅಂತ ಗುಂಪಲ್ಲಿ ಬರೀರಿ. ಫ್ರಾನ್ಸಲ್ಲಿ ಮೂರನೇ ಸ್ಥಾನದವರು ಹೇಳಿದ್ರಲ್ಲ, ಹಾಗೆ."

ಇವರು ಫೋನ್ ತೆಗೆದು ಗುಂಪನ್ನು ನೋಡಿ ಮತ್ತೆ ಜೇಬಿಗೆ ಹಾಕಿಕೊಂಡರು. ಬರೆಯಬಹುದಿತ್ತು ಎಂದು ನನಗೆ ಈಗಲೂ ಅನ್ನಿಸುತ್ತದೆ. ಒಂದು ವಾರ ಬಿಟ್ಟಿದ್ದರೆ ಬರೆಯುತ್ತಿದ್ದರು. ಇವರು ಹಟಮಾರಿಯಲ್ಲ, ನಿಧಾನ ಅಷ್ಟೆ.

ಹಾಳುಮಾಡಿದ್ದು ನಾನು. ಮಾರನೇ ದಿನ ನಾಲ್ಕು ಮನೆ ಆಚೆಯ ಗೆಳತಿ ಇಡ್ಲಿ ಹಿಟ್ಟು ಕೇಳಲು ಬಂದವಳು ನಗುತ್ತಾ, "ಅಣ್ಣಂಗೆ ಎರಡು ವೋಟು ಗ್ಯಾರಂಟಿ ಬಿಡಿ ಅಕ್ಕಾ, ಅವರದ್ದೊಂದು ನಿಮ್ಮದೊಂದು" ಎಂದಳು. ತಮಾಷೆಗೇ ಹೇಳಿದ್ದು. ಆದರೆ ನನಗೆ ಉರಿದುಹೋಯಿತು. ಗಂಡನನ್ನು ನಾನು ನೂರು ಆಡಿಕೊಳ್ಳುತ್ತೇನೆ, ಇನ್ನೊಬ್ಬರು ನನ್ನ ಅಡುಗೆಮನೆಯಲ್ಲಿ ನಿಂತು ಆಡಿಕೊಳ್ಳುವುದೆಂದರೇನು? ಹಿಟ್ಟು ಕೊಟ್ಟು ಕಳಿಸಿದವಳೇ ಫೋನ್ ಕೈಗೆತ್ತಿಕೊಂಡೆ. ಭಾನುವಾರ ಎಲ್ಲರೂ ಊಟಕ್ಕೆ ಬನ್ನಿ ಎಂದೆ.

ಎಲ್ಲರೂ ಬಂದರು. ಬಿಸಿಬೇಳೆಬಾತ್, ಬೋಂಡ, ಮಾವಿನಹಣ್ಣಿನ ಶೀಕರಣೆ. ಹಾಲಿನಲ್ಲಿ ಜಾಗ ಸಾಲದೆ ಮೆಟ್ಟಿಲ ಮೇಲೂ ಕೂತು ಉಂಡರು. ಹೊರಡುವಾಗ ಹೆಂಗಸರಿಗೆ ಕುಂಕುಮ ಕೊಟ್ಟು, ಕೈಯಲ್ಲಿ ತಾಂಬೂಲವಿಟ್ಟು, ಒಬ್ಬೊಬ್ಬರಿಗೂ ಹೇಳಿದೆ, ಗುರುವಾರ ವೋಟು, ಮರೀಬೇಡಿ, ಮನೆಯವರನ್ನೂ ಕರ್ಕೊಂಡು ಹೋಗಿ, ನಮ್ಮೋರಿಗೇ ಹಾಕಿ. ಅವರಲ್ಲಿ ಮೂವರು ಹೆಂಗಸರು ಕೌನ್ಸಿಲರಿಗೇ ಹಾಕೋಣ ಎಂದುಕೊಂಡಿದ್ದೆವು, ಆಗಸ್ಟಿನಲ್ಲಿ ಮನೆಗೆ ಬಂದು ನಂಬರ್ ಕೊಟ್ಟಳಲ್ಲ ಪಾಪ ಎಂದರು. ಒಂದು ವೋಟು ತಾನೇ, ಏನಾಗುತ್ತೆ ಎಂದು ನಾನೇ ಹೇಳಿದೆ. ತಾಂಬೂಲ ಕೈಯಲ್ಲಿ ಹಿಡಿದು ಇಲ್ಲ ಅನ್ನುವುದು ನಮ್ಮವರಿಗೆ ಗೊತ್ತಿಲ್ಲ. ಅದು ನನಗೆ ಗೊತ್ತಿತ್ತು.

ಶುಕ್ರವಾರ ಲೀಷರ್ ಸೆಂಟರಿನಲ್ಲಿ ಎಣಿಕೆ. ಬ್ಯಾಡ್ಮಿಂಟನ್ ಕೋರ್ಟಿನ ಮೇಲೆ ಮೇಜುಗಳನ್ನು ಹಾಕಿದ್ದರು. ಯಾರೂ ಜೋರಾಗಿ ಮಾತಾಡುತ್ತಿರಲಿಲ್ಲ, ಕಾಗದ ಸರಿಸುವ ಸದ್ದು ಮಾತ್ರ. ಇವರ ಹೆಸರಿನ ಕಟ್ಟು ನಿಧಾನವಾಗಿ ಎತ್ತರವಾಗುತ್ತಿತ್ತು. ಇವರ ಮುಖ ಅರಳಿತ್ತು, ಮದುವೆಯಾದ ಹೊಸದರಲ್ಲಿ ಹಾಗೆ ನೋಡಿದ್ದೆ. ನನ್ನ ಕಣ್ಣು ಮಾತ್ರ ಇನ್ನೆರಡು ಕಟ್ಟುಗಳ ಮೇಲಿತ್ತು. ಅವೆರಡೂ ಸಮಸಮ ಏರುತ್ತಿದ್ದವು. ಎರಡನೇ ಸಲ ಎಣಿಸಬೇಕು ಎಂದು ಯಾರೋ ಕೇಳಿದರು. ಎಣಿಸಿದರು. ಫಲಿತಾಂಶ ಹೇಳಿದರು. ಟೈರ್ ಅಂಗಡಿಯವನು ಗೆದ್ದಿದ್ದ. ಕೌನ್ಸಿಲರಿಗೂ ಅವನಿಗೂ ಇದ್ದ ಅಂತರ, ನಾನು ಭಾನುವಾರ ತಾಂಬೂಲ ಕೊಟ್ಟವರ ಲೆಕ್ಕಕ್ಕಿಂತ ಕಡಿಮೆ. ಇವರು ಮೂರನೇ ಸ್ಥಾನ.

ಗೆದ್ದವನು ಎಲ್ಲರ ಕೈಕುಲುಕುತ್ತಾ ನಮ್ಮ ಬಳಿ ಬಂದ. ನನ್ನ ಗಂಡನ ಕೈಯನ್ನು ಎರಡೂ ಕೈಯಲ್ಲಿ ಹಿಡಿದುಕೊಂಡು, "ನೀವು ನಿಂತಿರದಿದ್ದರೆ ನಾನು ಗೆಲ್ಲುತ್ತಿರಲಿಲ್ಲ, ಥ್ಯಾಂಕ್ಯೂ" ಎಂದ. ಅದರಲ್ಲಿ ವ್ಯಂಗ್ಯವಿರಲಿಲ್ಲ. ಮನಸಾರೆ ಹೇಳಿದ. ಇವರು ಆಗಲೂ ನಗುತ್ತಲೇ ಇದ್ದರು, ಮಾತಿನ ಅರ್ಥ ಒಳಗಿಳಿಯಲು ಸ್ವಲ್ಪ ಹೊತ್ತು ಬೇಕಾಯಿತು. ಮುದುಕಿ ಕೌನ್ಸಿಲರ್ ಕೋಟು ಹಾಕಿಕೊಂಡು ಹೊರಟವಳು ನನ್ನ ಪಕ್ಕ ನಿಂತಳು. "ನಿಮ್ಮವರಿಗೆ ಒಳ್ಳೇ ವೋಟು ಬಿತ್ತು, ಡಕ್" ಎಂದಳು. ಇಲ್ಲಿನವರು ಪ್ರೀತಿಯಿಂದ ಹಾಗೇ ಕರೆಯುತ್ತಾರೆ. ಕಾಲಿಗೆ ಬೀಳಬೇಕೆನ್ನಿಸಿತು. ಅವಳಿಗೆ ಬಾಗಿಲು ತೆಗೆದು ಹಿಡಿದೆ, ಅಷ್ಟೆ.

ಕಾರಿನಲ್ಲಿ ಕೂತಾಗ ಫೋನ್ ಒಂದೇ ಸಮನೆ ಗುಂಯ್‌ಗುಟ್ಟುತ್ತಿತ್ತು. ಇವರು ಕಾರು ಸ್ಟಾರ್ಟ್ ಮಾಡದೆ ಸ್ಟೀರಿಂಗ್ ಹಿಡಿದು ಕೂತಿದ್ದರು. ನಾನು ಗುಂಪು ತೆರೆದೆ. ಇವರಿಗೆ ಬಿದ್ದ ವೋಟಿನ ಸಂಖ್ಯೆಯನ್ನು ಯಾರೋ ಆಗಲೇ ಹಾಕಿದ್ದರು. ಸೂಪರ್ ಸಾರ್. ಮೊದಲನೇ ಸಲಕ್ಕೇ ಇಷ್ಟೊಂದಾ. ನಮ್ಮೋರ ಒಗ್ಗಟ್ಟು ಅಂದ್ರೆ ಇದು. ಊಟಕ್ಕೆ ಇನ್ನೊಂದ್ಸಲ ಕರೀರಿ ಅಕ್ಕಾ. ಹೂವು, ಪಟಾಕಿ, ಚಪ್ಪಾಳೆಗಳು ಕೆಳಗೆ ಸುರಿಯುತ್ತಲೇ ಇದ್ದವು. ಹಿಟ್ಟು ಕೇಳಲು ಬಂದಿದ್ದ ಗೆಳತಿ ಎಲ್ಲರಿಗಿಂತ ಕೊನೆಗೆ ಬರೆದಳು. "ಅಂದ ಹಾಗೆ, ಗೆದ್ದಿದ್ದು ಯಾರು?"

ನಾನು ಗೆದ್ದವನ ಹೆಸರನ್ನೂ ಪಕ್ಷವನ್ನೂ ಬರೆದು ಕಳಿಸಿದೆ. ಚಪ್ಪಾಳೆ ನಿಂತಿತು. ಯಾರ್ಯಾರು ಓದಿದರು ಎಂದು ಪರದೆಯ ಮೇಲೆ ಹೆಸರುಗಳು ಒಂದರ ಕೆಳಗೊಂದು ಬರುತ್ತಾ ಹೋದವು. ಅಡುಗೆ ಹೊಗಳಿದ್ದವರು, ಮೆಟ್ಟಿಲ ಮೇಲೆ ಕೂತು ಉಂಡವರು, ಪಾಪ ಎಂದಿದ್ದ ಆ ಮೂವರು. ಒಬ್ಬರೂ ಏನೂ ಬರೆಯಲಿಲ್ಲ.

"ಏನಂತಿದಾರೆ?" ಎಂದು ಇವರು ನನ್ನ ಕಡೆ ನೋಡದೆ ಕೇಳಿದರು.

"ಏನೂ ಅಂತಿಲ್ಲ. ಎಲ್ಲರಿಗೂ ಈಗ ಗೊತ್ತಾಯ್ತು" ಎಂದೆ.