ಅಪ್ಪನ ಸೀನಿಯಾರಿಟಿ

ಹತ್ತನೇ ದಿನ ಅಪ್ಪನ ಪಿಂಡವನ್ನು ಕಾಗೆ ಮುಟ್ಟಲಿಲ್ಲ. ಕರ್ಮ ಮಾಡುವ ಜಾಗದ ಕಾಂಪೌಂಡಿನ ಮೇಲೆ ಕಾಗೆಯೇನೋ ಕೂತಿತ್ತು. ಕತ್ತು ಓರೆ ಮಾಡಿ ಅನ್ನವನ್ನು ನೋಡುತ್ತಿತ್ತು, ಕೆಳಗಿಳಿಯುತ್ತಿರಲಿಲ್ಲ. ಸತ್ತವರಿಗೆ ಏನೋ ಆಸೆ ಉಳಿದಿದೆ, ಅದೇನೆಂದು ಗಟ್ಟಿಯಾಗಿ ಹೇಳಿ ಮಾತು ಕೊಡಿ ಎಂದರು ಪುರೋಹಿತರು. ಅಣ್ಣ ಕೈಮುಗಿದು, "ಅಮ್ಮನ್ನ ಚೆನ್ನಾಗಿ ನೋಡ್ಕೋತೀವಪ್ಪ" ಎಂದ. ಚಿಕ್ಕಪ್ಪ ಮೈಸೂರಿನ ಸೈಟನ್ನು ಮಾರುವುದಿಲ್ಲ ಎಂದರು. ಅತ್ತೆ ಪ್ರತಿ ವರ್ಷ ತಿಥಿಗೆ ಆಂಬೊಡೆ ಮಾಡಿಸುವುದಾಗಿ ಹೇಳಿದರು. ಕಾಗೆ ಜಪ್ಪಯ್ಯ ಅಂದರೂ ಕದಲಲಿಲ್ಲ.

ಅಪ್ಪನಿಗೆ ಏನು ಬೇಕಿತ್ತು ಅನ್ನುವುದು ನಮಗೆ ಗೊತ್ತಿರಲಿಲ್ಲವೇ? ಇಡೀ ಚಾಮರಾಜಪೇಟೆಗೆ ಗೊತ್ತಿತ್ತು. ಬಾಯಿಬಿಟ್ಟು ಹೇಳಲು ನಾಚಿಕೆ, ಅಷ್ಟೆ. ಅಪ್ಪ ಸರ್ಕಾರಿ ಕಚೇರಿಯೊಂದರಲ್ಲಿ ಗುಮಾಸ್ತರಾಗಿದ್ದರು. ಅವರ ಪ್ರೊಬೇಷನ್ ಮುಗಿದ ಆದೇಶ ಯಾರದೋ ಮೇಜಿನ ಮೇಲೆ ಕೊಳೆತು ತಡವಾಗಿ ಹೊರಬಿತ್ತು. ಅಷ್ಟಕ್ಕೇ, ಅವರ ನಂತರ ಕೆಲಸಕ್ಕೆ ಸೇರಿದವರೊಬ್ಬರು ಜ್ಯೇಷ್ಠತೆಯಲ್ಲಿ ಅಪ್ಪನಿಗಿಂತ ಮೇಲೆ ಹೋಗಿ ಸೂಪರಿಂಟೆಂಡೆಂಟ್ ಆದರು. ಅಪ್ಪ ಆಕ್ಷೇಪಣೆ ಕೊಟ್ಟರು, ಯಾರೂ ಕಿವಿಗೆ ಹಾಕಿಕೊಳ್ಳಲಿಲ್ಲ. ಟ್ರಿಬ್ಯುನಲ್ಲಿಗೆ ಹೋದರು, ಅವರು ಸಾಯುವವರೆಗೂ ಆ ಕೇಸು ಮುಗಿಯಲಿಲ್ಲ. ಬಡ್ತಿ ಸಿಗುವವರೆಗೆ ಅಪ್ಪನನ್ನು "ಸಾರ್" ಎನ್ನುತ್ತಿದ್ದ ಮನುಷ್ಯನನ್ನು ಇನ್ನು ಅಪ್ಪ "ಸಾರ್" ಎನ್ನಬೇಕಿತ್ತು. ಅಪ್ಪ ಎನ್ನಲಿಲ್ಲ. ರಿಟೈರ್ ಆಗುವವರೆಗೂ ಅವರನ್ನು ಏನೆಂದೂ ಕರೆಯದೆ, ಎದುರಿಗೆ ನಿಂತು ಒಮ್ಮೆ ಕೆಮ್ಮಿ ಮಾತು ಶುರುಮಾಡುತ್ತಿದ್ದರಂತೆ. ಆ ಕೆಮ್ಮು ಮನೆಗೂ ಬಂದು ಅಂಟಿಕೊಂಡಿತು.

ಆ ಮನುಷ್ಯರೂ ಅವತ್ತು ತ್ಯಾಗರಾಜನಗರದಿಂದ ಬಂದಿದ್ದರು. ಅವರಿಗೂ ವಯಸ್ಸಾಗಿತ್ತು. ಹಿಂದೆ ನಿಂತಿದ್ದವರು ನಿಧಾನವಾಗಿ ಮುಂದೆ ಬಂದು ಪಿಂಡಕ್ಕೆ ಕೈಮುಗಿದರು. "ಸಾರ್, ನೀವೇ ಸೀನಿಯರ್. ಕೇಸಲ್ಲಿ ನಾನಿನ್ನು ತಕರಾರು ಮಾಡಲ್ಲ. ಹೋಗ್ಬನ್ನಿ ಸಾರ್" ಎಂದರು. ಕಾಗೆ ಇಳಿಯಿತು.

ಕಾಗೆಗೆ ಹಸಿವಾಗಿತ್ತು ಎಂದು ಅಣ್ಣ ಇವತ್ತಿಗೂ ಅನ್ನುತ್ತಾನೆ. ನನಗೆ ಮೈ ಜುಮ್ಮೆಂದಿತು, ಜೊತೆಗೆ ಕೆಟ್ಟ ಕೋಪವೂ ಬಂತು. ಅಪ್ಪ ಬದುಕಿದ್ದಾಗ ಒಂದು ಸಲ ಈ ಮಾತು ಆಡಿದ್ದರೆ ಇವರ ಗಂಟೇನು ಹೋಗುತ್ತಿತ್ತು?

ಆದರೆ ಅಪ್ಪ ಹೋಗಲಿಲ್ಲ. ವೈಕುಂಠ ಸಮಾರಾಧನೆ ಮುಗಿದು ನೆಂಟರೆಲ್ಲ ಹೊರಟ ಮೇಲೆ, ಬೆಳಿಗ್ಗೆ ಪೋಸ್ಟ್ ಬರುವ ಹೊತ್ತಿಗೆ ಗೇಟಿನ ಹತ್ತಿರ ಕೆಮ್ಮು ಕೇಳಿಸಿತು. ಅಮ್ಮ ಒಲೆ ಸಣ್ಣ ಮಾಡಿ ಕಿವಿಗೊಟ್ಟಳು.

"ಅವ್ರೇ. ಆರ್ಡರ್ ಬಂತಾ ಅಂತ ನೋಡಕ್ಕೆ ಬಂದಿದಾರೆ. ಅದು ಬರೋ ತನಕ ಅವ್ರಿಗೆ ಬಿಡುಗಡೆ ಇಲ್ಲ ಕಣೇ."

ಪಕ್ಕದ ಮನೆಯವರು ಇರಬೇಕು ಎಂದೆ. ಮಾರನೆಯ ದಿನ ನಾನೇ ಗೇಟಿನ ಬಳಿ ನಿಂತಿದ್ದಾಗ ಅದು ನನ್ನ ಬೆನ್ನ ಹಿಂದೆ ಕೇಳಿಸಿತು. ತಿರುಗಿ ನೋಡುವ ಧೈರ್ಯ ಆಗಲಿಲ್ಲ.

ಕೇಸು ಬಿಡಕೂಡದೆಂದು ಅಮ್ಮ ಹಠ ಹಿಡಿದಳು. ಅರ್ಜಿದಾರರು ಸತ್ತರೆ ವಾರಸುದಾರರು ಮುಂದುವರಿಸಬಹುದಂತೆ. ಅಮ್ಮನ ಹೆಸರು ಸೇರಿಸಿದೆವು. ನಾನು ಪಾಠ ಮಾಡುವ ಕಾಲೇಜಿಗೆ ರಜೆ ಹಾಕಿ ಟ್ರಿಬ್ಯುನಲ್ಲಿಗೆ ಅಲೆದೆ. ಅಲ್ಲಿ ಅಪ್ಪ ಕೂರುತ್ತಿದ್ದ ಬೆಂಚಿನಲ್ಲಿ ಕೂರುವಾಗ ಗೋಡೆಯ ಕಡೆ ಒಬ್ಬರಿಗೆ ಜಾಗ ಬಿಟ್ಟೇ ಕೂರುತ್ತಿದ್ದೆ. ಕೇಸು ಮುಂದಕ್ಕೆ ಹೋದಾಗಲೆಲ್ಲ ಅಮ್ಮ ಗೇಟಿನ ತನಕ ಹೋಗಿ ವರದಿ ಒಪ್ಪಿಸುತ್ತಿದ್ದಳು. "ಇವತ್ತು ಸರ್ಕಾರದ ವಕೀಲ್ರು ಬರ್ಲಿಲ್ವಂತೆ ರೀ. ಮುಂದಿನ್ ತಿಂಗ್ಳಿಗೆ ಹಾಕಿದಾರೆ." ಬದುಕಿದ್ದಾಗ ಅವರಿಬ್ಬರು ಅಷ್ಟು ಮಾತಾಡಿದ್ದನ್ನು ನಾನು ಕಂಡಿರಲಿಲ್ಲ.

ಕೊನೆಗೂ ಗೆದ್ದೆವು. ತ್ಯಾಗರಾಜನಗರದವರು ಮಾತಿಗೆ ತಪ್ಪಲಿಲ್ಲ, ತಮ್ಮ ತಕರಾರಿಲ್ಲವೆಂದು ಅಫಿಡವಿಟ್ ಹಾಕಿದ್ದರು. ಮೃತ ಅರ್ಜಿದಾರರು ಸೂಪರಿಂಟೆಂಡೆಂಟ್ ಆಗಿದ್ದರೆಂದೇ ಭಾವಿಸತಕ್ಕದ್ದು, ಅದರಂತೆ ಕುಟುಂಬ ಪಿಂಚಣಿಯನ್ನು ಹೊಸದಾಗಿ ನಿಗದಿ ಮಾಡತಕ್ಕದ್ದು ಎಂದು ಆದೇಶವಾಯಿತು. ಸತ್ತವರನ್ನು ಕುರ್ಚಿಯಲ್ಲಿ ಕೂರಿಸುವ ಶಕ್ತಿ ಕಾನೂನಿಗೆ ಇದೆಯೆಂದು ನನಗೆ ಗೊತ್ತಾದದ್ದು ಆಗಲೇ. ಈಗೆಲ್ಲ ಆದೇಶ ಮೊಬೈಲಿನಲ್ಲೇ ಕಾಣಿಸುತ್ತದೆ. ಅಮ್ಮನಿಗೆ ಸೀಲು ಬಿದ್ದ ಪ್ರತಿಯೇ ಬೇಕಿತ್ತು, ತಂದುಕೊಟ್ಟೆ. ಅವಳು ಸ್ನಾನ ಮಾಡಿ, ಒಳ್ಳೆಯ ಸೀರೆ ಉಟ್ಟು, ಗೇಟಿನ ಬಳಿ ನಿಂತು ಮೊದಲಿಂದ ಕೊನೆಯವರೆಗೆ ಗಟ್ಟಿಯಾಗಿ ಓದಿದಳು. ಬೀದಿಯಲ್ಲಿ ಹೋಗುತ್ತಿದ್ದವರು ನಿಂತು ನೋಡಿದರು.

ಮಾರನೆಯ ಬೆಳಿಗ್ಗೆ ಪೋಸ್ಟಿನವರು ಬಂದು ಹೋದರು. ಕೆಮ್ಮು ಕೇಳಿಸಲಿಲ್ಲ. ಆಮೇಲೂ ಕೇಳಿಸಲಿಲ್ಲ. ನನ್ನ ಎದೆ ಹಗುರವಾಯಿತು, ಅದನ್ನೇಕೆ ಮುಚ್ಚಿಡಲಿ. ಅಮ್ಮ ಮಾತ್ರ ಇದ್ದ ಕೆಲಸ ಇದ್ದಲ್ಲೇ ಬಿಟ್ಟು ಗೇಟು ಹಿಡಿದು ನಿಂತಿರುತ್ತಿದ್ದಳು. ಕುಕ್ಕರ್ ಕೂಗಿದರೂ ಒಳಗೆ ಬರುತ್ತಿರಲಿಲ್ಲ. ಒಂದು ದಿನ ತಡೆಯಲಾರದೆ ಹೋಗಿ, "ಬಾಮ್ಮಾ, ಎಲ್ಲಾ ಮುಗೀತಲ್ಲ" ಎಂದು ಕೈ ಹಿಡಿದೆ. ಅಮ್ಮ ನನ್ನ ಮುಖ ನೋಡಲಿಲ್ಲ.

"ಗೌರ್ಮೆಂಟ್‌ನೋರು ಇದರ ಮೇಲೆ ಅಪೀಲ್ ಹೋಗಲ್ವಂತಾ?" ಎಂದಳು.