ಮುಮ್ತಾಜಕ್ಕ ಕಟ್ಟಿಕೊಟ್ಟ ಸೈಕಲ್ಲು

ಒಂದು ತಪ್ಪೊಪ್ಪಿಗೆ. ಪರಿಸರ ಉಳಿಸಿ ಎಂದು ಭಾಷಣ ಮಾಡಲು ನಾನು ಕಾರಿನಲ್ಲಿ ಹೋಗುತ್ತಿದ್ದೆ. ನಿವೃತ್ತ ವಿಜ್ಞಾನ ಮೇಷ್ಟ್ರೆಂದು ಚನ್ನಗಿರಿ ಸುತ್ತಲಿನ ಶಾಲೆಗಳವರು ಭಾಷಣಕ್ಕೆ ಕರೆಯುತ್ತಿದ್ದರು. ಒಂದು ದಿನ ನನ್ನ ಹೆಂಡತಿ, "ಗಿಡ ನೆಡ್ರಿ ಅಂತ ಹೇಳಾಕೆ ಹೊಗೆ ಬಿಡ್ಕಂಡು ಹೋಗ್ತೀರಲ್ರೀ!" ಎಂದಳು. ಆ ವಾರವೇ ಗೇರಿನ ಸೈಕಲ್ ತಂದೆ. ಕೆಂಪು ಬಣ್ಣ, ಥಳಥಳ ಹೊಳಪು. ಅದರ ಮೇಲೆ ಕುಳಿತಾಗ ನನ್ನ ವಯಸ್ಸು ಕೆಳಗಿಳಿದು ನಿಂತಂತೆ ಅನಿಸುತ್ತಿತ್ತು.

ವರ್ಷ ತುಂಬುವ ಮೊದಲೇ ಸೂಳೆಕೆರೆ ಏರಿಯ ಮೇಲೆ ಗೇರು ಕಟಕ್ ಎಂದಿತು. ಮಾರಿದವರು, "ಆ ಮಾಡೆಲ್ ನಿಂತೋಗೈತೆ, ಹೊಸದು ತಗೊಳ್ರಿ" ಎಂದರು. ಹೊಗೆಯುಗುಳದ ಗಾಡಿಯನ್ನು ವರ್ಷಕ್ಕೊಂದರಂತೆ ಗುಜರಿಗೆ ಹಾಕಿದರೆ, ಅದನ್ನು ತಯಾರಿಸಿದ ಕಾರ್ಖಾನೆಯ ಹೊಗೆಗೆ ಯಾರು ಉತ್ತರ ಹೇಳಬೇಕು? ಭಾಷಣದಲ್ಲಿ ನಾನು ಮುಟ್ಟದ ವಿಷಯವಿದು.

ಸೈಕಲ್ ತಳ್ಳಿಕೊಂಡು ತ್ಯಾವಣಿಗೆಯ ಮುಮ್ತಾಜಕ್ಕನ ರಿಪೇರಿ ಅಂಗಡಿಗೆ ಹೋದೆ. ಆಕೆ ಗೇರನ್ನು ತಿರುಗಿಸಿ ನೋಡಿ, "ಇದಕ್ಕೆ ಬಿಚ್ಚಾಕೆ ಸ್ಕ್ರೂನೇ ಇಲ್ಲ ಮೇಷ್ಟ್ರೇ. ರಿಪೇರಿ ಆಗಬಾರ್ದು ಅಂತಾನೇ ಮಾಡ್ಯಾರೆ. ಸೈಕಲ್ ನನಗೆ ಕೊಟ್ಬಿಡ್ರಿ, ಗೇರು ಬಿಟ್ಟು ಉಳಿದ ಸಾಮಾನು ಹಳೇ ಗಾಡಿಗೆ ಹಾಕಿ ನಿಮಗೊಂದು ಕಟ್ಟಿಕೊಡ್ತೀನಿ" ಎಂದಳು.

"ಇನ್ನೂ ಹೊಳೀತಾ ಐತಲ್ಲಮ್ಮ!"

"ಹೊಳೀತೈತೆ, ಓಡಾಕಿಲ್ಲ."

ನಾಲ್ಕು ದಿನಕ್ಕೆ ಸೈಕಲ್ ತಯಾರಾಯಿತು. ಯಾರದೋ ಅಜ್ಜನ ಕಾಲದ ಕಪ್ಪು ಚೌಕಟ್ಟು, ಇನ್ನಾರದೋ ಚಕ್ರಗಳು, ನನ್ನ ಪೆಡಲು. ಪರಿಚಯದವರು ಎದುರು ಬಂದರೆ ಮೊದಮೊದಲು ಇಳಿದುಬಿಡುತ್ತಿದ್ದೆ. ಸೈಕಲ್ ಮಾತ್ರ ನಾಚದೆ ಓಡಿತು.

ಅದರ ಮೇಲೆಯೇ ಕತ್ತಲಗೆರೆ ಶಾಲೆಗೆ ಭಾಷಣಕ್ಕೆ ಹೋದೆ. ಓಜೋನ್ ಪದರದ ಮಾತು ಅರ್ಧಕ್ಕೆ ಬಂದಿತ್ತು, ಬಾಗಿಲಲ್ಲಿ ನಿಂತಿದ್ದ ಬಿಸಿಯೂಟದ ಕೆಂಚಮ್ಮ ಕೈ ಎತ್ತಿದಳು. ದಿನವೂ ದೂರದ ಹಟ್ಟಿಯಿಂದ ನಡೆದು ಬರುವವಳು.

"ಮೇಷ್ಟ್ರೇ, ನಮ್ಮ ಹಿತ್ತಲಾಗೆ ಒಂದು ಸೈಕಲ್ ತುಕ್ಕು ಹಿಡಿದು ಬಿದ್ದೈತೆ. ನಿಮ್ದು ಎಬ್ಬಿಸಿದೋರು ಅದನ್ನೂ ಎಬ್ಬಿಸ್ತಾರೇನ್ರೀ?"

ಮಕ್ಕಳೆಲ್ಲ ಕಿಟಕಿಯಾಚೆ ಸೈಕಲ್ ನೋಡತೊಡಗಿದರು. ಓಜೋನ್ ಪದರದ ಕಡೆಗೆ ಅವರನ್ನು ಮತ್ತೆ ತಿರುಗಿಸಲು ನನ್ನಿಂದಾಗಲಿಲ್ಲ. ಭಾಷಣ ಬಿಟ್ಟು ಅಂಗಡಿಯ ದಾರಿ ಹೇಳಿದೆ.

ಹದಿನೈದು ದಿನದ ಮೇಲೆ ಅದೇ ರಸ್ತೆಯಲ್ಲಿ ಏದುಸಿರು ಬಿಡುತ್ತಾ ಪೆಡಲು ತುಳಿಯುತ್ತಿದ್ದೆ. ಹಿಂದಿನಿಂದ ತನ್ನ ಸೈಕಲ್ಲಿನ ಗಂಟೆ ಬಾರಿಸುತ್ತಾ, "ಸರೀರಿ ಮೇಷ್ಟ್ರೇ, ಅನ್ನಕ್ಕಿಡಾಕೆ ಹೊತ್ತಾತು!" ಎಂದು ಕೆಂಚಮ್ಮ ಭರ್ರನೆ ಮುಂದೆ ಹೋದಳು. ಇಷ್ಟು ವರ್ಷ ಜನರಿಗೆ ದಾರಿ ತೋರಿಸುತ್ತಿದ್ದವನು ಅಂದು ದಾರಿ ಬಿಟ್ಟುಕೊಟ್ಟೆ. ಅದೇ ಹೆಚ್ಚು ಉಪಯೋಗಕ್ಕೆ ಬಂತು.