ಕಲ್ಲು ಕೆತ್ತುವ ಚಿತ್ರ ಜೋಡಿಸಿದವರು

ಸಾಕ್ಷ್ಯಚಿತ್ರದ ತುಂಡುಗಳನ್ನು ಜೋಡಿಸುವುದು ಅವರ ಕಸುಬು. ಊರು ಪುತ್ತೂರಿನ ಕಡೆಯಾದರೂ ಕೆಲಸ ಮದರಾಸಿನಲ್ಲಿ. ನಾವು ಅವರನ್ನು ಎಡಿಟರು ಎನ್ನುತ್ತಿದ್ದೆವು. ಫಿಲ್ಮನ್ನು ಬೆಳಕಿಗೆ ಹಿಡಿದು, ಒಂದು ಕಣ್ಣು ಮುಚ್ಚಿ, "ಇದಕ್ಕೆ ಮೊದಲು ಎಂತ?" ಎಂದು ತಮ್ಮಷ್ಟಕ್ಕೇ ಕೇಳಿಕೊಳ್ಳುವರು.

ಪುತ್ತೂರಿನ ಹತ್ತಿರದ ನರಿಮೊಗರಿನಲ್ಲಿ ನಾನು ಕೆಂಪುಕಲ್ಲು ಕೆತ್ತಿ ಗೋಡೆ ಕಟ್ಟುವುದನ್ನು ಅವರ ಕಡೆಯವರು ಚಿತ್ರ ತೆಗೆದಿದ್ದರು. ನಾಲ್ಕನೆಯ ಕ್ಲಾಸಿಗೇ ಶಾಲೆ ಬಿಟ್ಟವನು ನಾನು. ಆದರೆ ತೂಗುಗುಂಡು ಹಿಡಿದು ನನ್ನ ಗೋಡೆಗೆ ತಪ್ಪು ಹೇಳಿದವರಿಲ್ಲ. ಮಾತು ಸೇರಿಸುವ ಮೊದಲು ಚಿತ್ರವನ್ನು ಕೆಲಸದವರಿಗೇ ತೋರಿಸುವುದು ಎಡಿಟರ ಪದ್ಧತಿ. ಶಾಲೆಯ ಕಿಟಕಿಗಳಿಗೆ ಕಂಬಳಿ ಕಟ್ಟಿ ಹಗಲಲ್ಲೇ ತೋರಿಸಿದರು. ಪರದೆಯ ಮೇಲೆ ನಾನು ಗೋಡೆ ಕಟ್ಟಿ ಮುಗಿಸಿದೆ; ಆಮೇಲೆ ಕಲ್ಲು ಕೆತ್ತತೊಡಗಿದೆ.

ಹೊಸ ಮನೆಯ ಕೆಲಸ ನನಗೆ ಕೊಡಲಿದ್ದ ಬ್ಯಾರಿ ವ್ಯಾಪಾರಿಯೊಬ್ಬರು ಅಲ್ಲಿದ್ದರು. "ಎಂತ ಮೇಸ್ತ್ರಿ, ಕಟ್ಟಿ ಆದ ಮೇಲೆ ಕೆತ್ತುದಾ? ನನ್ನ ಮನೆಗೂ ಹಾಗೇ ಮಾಡುದಾ ಮಾರಾಯ?" ಎಂದರು. ಎಲ್ಲರೂ ನಕ್ಕರು. ನಾನು ತಲೆ ತಗ್ಗಿಸಿದೆ.

ಎಡಿಟರು ಯಂತ್ರ ನಿಲ್ಲಿಸಿದರು. "ತಪ್ಪು ನನ್ನದು ಸಾಹುಕಾರ್ರೆ. ಮೇಸ್ತ್ರಿಯವರು ಸರಿಯಾಗಿಯೇ ಮಾಡಿದ್ದಾರೆ. ಹಿಂದೆ ಮುಂದೆ ಜೋಡಿಸಿದವ ನಾನು."

ಅಲ್ಲೇ ಬೆಂಚಿನ ಮೇಲೆ ಫಿಲ್ಮು ಕತ್ತರಿಸಿ, ಅಂಟು ಹಚ್ಚಿ, ಕೆತ್ತುವ ಭಾಗವನ್ನು ಮೊದಲಿಗೆ ಸೇರಿಸಿ ಪುನಃ ಓಡಿಸಿದರು. ಈ ಸಲ ಅವರು ಪರದೆ ನೋಡಲಿಲ್ಲ. ವ್ಯಾಪಾರಿಯ ಮುಖವನ್ನೇ ನೋಡುತ್ತ ನಿಂತರು.

"ಹಾಂ, ಈಗ ಸರಿ ಉಂಟು. ಮೇಸ್ತ್ರಿ, ಸೋಮವಾರ ಪಾಯ ನೋಡ್ಲಿಕ್ಕೆ ಬಾ" ಎಂದು ವ್ಯಾಪಾರಿ ನನಗೆ ಹೇಳಿದ ಮೇಲೆಯೇ ಎಡಿಟರು ಕುಳಿತು, ಆರಿಹೋಗಿದ್ದ ಚಹಾ ಕುಡಿದರು.